ಹಿಮ್ಮಡಿ ಏಳುವ ಊಟ

ನಂಬುವವರು ನಂಬಿ, ನಂಬದವರು ನಮ್ಮ ಮನೆಗೆ ಊಟಕ್ಕೆ ಬನ್ನಿ. ಬರುವಾಗ ಗಟ್ಟಿಯಾದ ಒಂದು ಹಗ್ಗ ತನ್ನಿ. ನಮ್ಮೂರಿನ ಜನ ಕೇಳಿದರೆ ಎತ್ತು ಕೊಟ್ಟಾರು, ಗಾಡಿ ಕೊಟ್ಟಾರು, ಹಬ್ಬದ ದಿನ ಹಗ್ಗ ಮಾತ್ರ ಕೊಡಲಾರರು.

ನನ್ನ ಹೆಸರು ರಂಗಧಾಮ. ಊರಿಗೆ ಪಾಲು ಹೇಳುವವನು ನಾನೇ. ಮದುವೆಯಾಗಲಿ, ತಿಥಿಯಾಗಲಿ, ಅಡಿಗೆಯವರು ಒಲೆ ಹಚ್ಚುವ ಮೊದಲು ನನಗೆ ಹೇಳಿ ಕಳಿಸುತ್ತಾರೆ. ನಾನು ಹೋಗಿ ಅಕ್ಕಿ, ಬೇಳೆ, ಬೆಲ್ಲ, ಹಿಟ್ಟು, ಎಣ್ಣೆ, ತುಪ್ಪ ಎಲ್ಲವನ್ನೂ ತಕ್ಕಡಿಗೆ ಹಾಕಿಸಿ, ಒಂದು ಎಲೆಗೆ ಎಷ್ಟು ಬೀಳುತ್ತದೆಂದು ನೋಡಿ, ಉಂಡವನಿಗೆ ಸಿಗುವ ಶಕ್ತಿಯಲ್ಲಿ ಜಿಡ್ಡಿನ ಪಾಲು ಇಷ್ಟು ಎಂದು ಕೂಗಿ ಹೇಳುತ್ತೇನೆ. ಜಿಡ್ಡು ಗ್ರಾಮಿಗೆ ಒಂಬತ್ತು ಶಕ್ತಿ ಕೊಡುತ್ತದೆ. ಹಿಟ್ಟು, ಬೇಳೆ, ಬೆಲ್ಲ ಗ್ರಾಮಿಗೆ ನಾಲ್ಕು. ಇಷ್ಟು ಗೊತ್ತಿದ್ದರೆ ಸಾಕು, ಉಳಿದದ್ದು ಕೈಗುಣ. ಮೂರನೇ ಒಂದು ಪಾಲಿನ ಒಳಗಿದ್ದರೆ ಎಲೆ ಹಾಕಬಹುದು. ಮೀರಿತೋ, ಉಂಡವನ ಕಾಲು ನೆಲ ಬಿಡುತ್ತದೆ.

ಅದಕ್ಕೇ ನಮ್ಮೂರಿನ ಮನೆಗಳ ಸೂರು ತಗ್ಗು, ತೊಲೆಗಳಿಗೆಲ್ಲ ಹಳೇ ಕೌದಿ ಸುತ್ತಿರುತ್ತದೆ. ಬೀದಿಯ ಎರಡೂ ಬದಿಗೆ ಎದೆಯೆತ್ತರದಲ್ಲಿ ಹಗ್ಗ ಎಳೆದಿರುತ್ತಾರೆ, ಹಬ್ಬದ ಮಧ್ಯಾಹ್ನ ಜನ ಅದನ್ನು ಹಿಡಿದುಕೊಂಡೇ ಮನೆ ಸೇರುವುದು. ಎಳೆಗೂಸುಗಳ ಉಡಿದಾರಕ್ಕೆ ಕಲ್ಲು ಕಟ್ಟುತ್ತೇವೆ. ತಾಯಿಹಾಲು ಕುಡಿಯುವ ಮಗು ನಮ್ಮಲ್ಲಿ ತೊಟ್ಟಿಲ ಒಳಗೆ ಮಲಗುವುದಿಲ್ಲ, ತೊಟ್ಟಿಲ ಮೇಲೆ ಮಲಗುತ್ತದೆ. ಮೊದಲ ತುತ್ತು ಅನ್ನ ತಿನ್ನಿಸಿದ ದಿನ ಅದರ ಅಂಗಾಲು ಚಾಪೆ ಮುಟ್ಟಿದಾಗ ಅಜ್ಜಿಯರು ಕಣ್ಣೊರೆಸಿಕೊಳ್ಳುತ್ತಾರೆ.

ಹಾಗಂತ ಹೆದರಿ ಬರೀ ಸೊಪ್ಪಿನ ಸಾರು ಬಡಿಸುವವನ ಮನೆಗೆ ನಮ್ಮಲ್ಲಿ ಹೆಣ್ಣು ಕೊಡುವುದಿಲ್ಲ. ಉಂಡೆದ್ದವನ ಹಿಮ್ಮಡಿ ಏಳಬೇಕು, ಹೆಬ್ಬೆರಳು ನೆಲ ಕಚ್ಚಿರಬೇಕು. ಗೆರೆಗೆ ಕೂದಲೆಳೆಯಷ್ಟು ಕೆಳಗೆ. ಅದು ಹಿಮ್ಮಡಿ ಏಳುವ ಊಟ, ಅದಕ್ಕಿಂತ ದೊಡ್ಡ ಮರ್ಯಾದೆ ನಮ್ಮೂರಲ್ಲಿಲ್ಲ. ಅಂಥ ಊಟದ ಪಾಲು ಹೇಳುವುದರಲ್ಲಿ ನನ್ನನ್ನು ಮೀರಿಸಿದವರು ಹಿಂದೆ ಹುಟ್ಟಿಲ್ಲ, ಮುಂದೆ ಹುಟ್ಟುವವರು ನನ್ನನ್ನು ಕೇಳಿಕೊಂಡು ಹುಟ್ಟಬೇಕು. ಇರುವೆ ಸಕ್ಕರೆ ಕದ್ದೊಯ್ದರೆ ಎಲೆಯ ಪಾಲು ಎಷ್ಟು ಏರಿತೆಂದು ನಾನು ಕಣ್ಣುಮುಚ್ಚಿ ಹೇಳಿದ್ದೇನೆ. ನನ್ನ ಅಂಗೈಯೇ ಒಂದು ತಕ್ಕಡಿ. ನನ್ನ ಸ್ವಂತ ಕಾಲಂತೂ ಅನ್ನ ಕಂಡ ಮೇಲೆ ಒಂದು ಸಲವೂ ನೆಲ ಬಿಟ್ಟಿರಲಿಲ್ಲ. ನನ್ನ ಅಪ್ಪನ ಕಾಲದಲ್ಲಿ ಗಾಣದ ಮನೆಯ ಈರಜ್ಜ ಪಂಥ ಕಟ್ಟಿ ಒಂದು ತಂಬಿಗೆ ತುಪ್ಪ ಕುಡಿದು ಅಂಗಳಕ್ಕೆ ಬಂದನಂತೆ. ಆಮೇಲೆ ಕೆರೆಯಾಚೆ ಅವನ ಒಂದು ಚಪ್ಪಲಿ ಸಿಕ್ಕಿತು. ಇವತ್ತಿಗೂ ಅವನ ಮಕ್ಕಳು ತಿಥಿಯ ದಿನ ಆ ಚಪ್ಪಲಿಗೇ ಎಡೆ ಇಡುತ್ತಾರೆ. ತೆಂಗಿನ ಮರದ ಸುಳಿ ದಾಟಿದವರು ವಾಪಸ್ಸು ಬಂದದ್ದು ನಮ್ಮೂರಲ್ಲಿ ಇಲ್ಲ.

ಇಂಥ ಊರಿಗೆ, ಇಂಥ ಮನೆಗೆ, ನನ್ನ ಒಬ್ಬಳೇ ಮಗಳು ಜಲಜಳ ಗಂಡ ಉಮಾಪತಿ ಮದುವೆಯಾದ ಮೇಲೆ ಮೊದಲನೇ ಹಬ್ಬಕ್ಕೆ ಬಂದ. ಅವನದು ಹೊರಗಿನ ಊರು. ಅಲ್ಲಿ ಏನು ತಿಂದರೂ ಕಾಲು ನೆಲದ ಮೇಲೇ ಇರುತ್ತದಂತೆ, ಪಾಪ. ಶಾಲೆಯಲ್ಲಿ ಆಟದ ಮೇಷ್ಟ್ರು. ಮಕ್ಕಳಿಗೆ ಕಬ್ಬಿಣದ ಗುಂಡು ಎಸೆಯುವುದನ್ನು ಕಲಿಸುವುದೂ ಒಂದು ಉದ್ಯೋಗವೇ ಎಂದು ನಾನು ಮದುವೆಯ ಮುಂಚೆ ಕೇಳಿದ್ದಕ್ಕೆ ಜಲಜ ಎರಡು ದಿನ ಮಾತು ಬಿಟ್ಟಿದ್ದಳು.

ಅವತ್ತು ಎಲೆಯ ಪಾಲನ್ನು ನಾನು ಎಷ್ಟು ನಾಜೂಕಾಗಿ ಕಟ್ಟಿದ್ದೆನೆಂದರೆ ದೇವತೆಗಳು ನೋಡಿದ್ದರೆ ಸ್ವರ್ಗದ ಅಡಿಗೆಮನೆ ನನಗೆ ಬರೆದುಕೊಡುತ್ತಿದ್ದರು. ಹೋಳಿಗೆ, ಚಿತ್ರಾನ್ನ, ಕೋಸಂಬರಿ, ಅನ್ನ, ಸಾರು, ಮೇಲೆ ತುಪ್ಪ. ಅಳಿಯನ ಎಲೆಗೆ ಒಟ್ಟು ಸಾವಿರದ ಐನೂರು ಶಕ್ತಿ. ಅದರ ಮೂರನೇ ಒಂದು ಪಾಲು ಐನೂರು. ಜಿಡ್ಡು ಐವತ್ತೈದು ಗ್ರಾಂ; ಒಂಬತ್ತರಿಂದ ಗುಣಿಸಿ, ನಾನೂರ ತೊಂಬತ್ತೈದು. ಗೆರೆಗೆ ಬರೀ ಐದು ಕಡಿಮೆ! ನಾನು ನಡುಮನೆಯಲ್ಲಿ ನಿಂತು ಕೂಗಿ ಹೇಳಿದೆ. ಪಕ್ಕದ ಮನೆಯ ಚೆನ್ನಿಗಪ್ಪನಿಗೂ ಕೇಳಲಿ ಎಂದು ಕಿಟಕಿಯ ಕಡೆ ತಿರುಗಿ ಇನ್ನೊಂದು ಸಲ ಹೇಳಿದೆ.

ಜಲಜ, ಉಮಾಪತಿ ಇಬ್ಬರೂ ಉಂಡರು. ನಾನು ಉಂಡಿರಲಿಲ್ಲ. ಪಾಲು ಹೇಳಿದವನು ಎಲ್ಲರೂ ಎದ್ದು ನಡೆದಾಡಿದ ಮೇಲೆಯೇ ಉಣ್ಣಬೇಕು, ಅದು ಕಟ್ಟಳೆ. ಹೋಳಿಗೆ ಎಲೆಗೆ ಬಿದ್ದಾಗ ಉಮಾಪತಿ ತನ್ನ ಚೀಲದಿಂದ ಒಂದು ಡಬ್ಬ ತೆಗೆದ.

"ಮಾವ, ನಮ್ಮ ಕಡೆ ಹೋಳಿಗೆ ಮೇಲೆ ಕೆನೆಹಾಲು ಹಾಕ್ಕೊಂಡು ತಿಂತೀವಿ. ಇಲ್ಲಿ ಸಿಗಲ್ಲ ಅಂತ ಜಲಜ ಹೇಳಿದ್ಲು. ಅದಕ್ಕೇ ತಂದೆ."

ಸಿಗುವುದಿಲ್ಲ, ನಿಜ. ನಮ್ಮೂರಲ್ಲಿ ಹಾಲನ್ನು ಹಾಲಾಗಿಯೇ ಯಾರೂ ಬಡಿಸುವುದಿಲ್ಲ. ಕಡೆದು, ಬೆಣ್ಣೆ ಕಾಸಿ, ತುಪ್ಪವನ್ನಷ್ಟೇ ತಕ್ಕಡಿಗೆ ತರುತ್ತೇವೆ. "ಜಿಡ್ಡು ಎಷ್ಟಿದೆಯಂತೆ?" ಎಂದೆ.

ಅವನು ಡಬ್ಬ ತಿರುಗಿಸಿ ಓದಿದ. "ನೂರು ಗ್ರಾಮಿಗೆ ಹತ್ತು ಗ್ರಾಂ. ಶಕ್ತಿ ಎಷ್ಟು ಅಂತಲೂ ಬರ್ದಿದ್ದಾರೆ..."

"ಶಕ್ತಿ ಡಬ್ಬ ಹೇಳಬೇಕೇನಪ್ಪ ನನಗೆ?" ಎಂದು ನಕ್ಕೆ. ನೂರರಲ್ಲಿ ಹತ್ತು ಜಿಡ್ಡು: ತೊಂಬತ್ತು ಶಕ್ತಿ. ಉಳಿದ ತೊಂಬತ್ತು ಗ್ರಾಮಿಗೆ ನಾಲ್ಕರಂತೆ ಮುನ್ನೂರ ಅರವತ್ತು. ಒಟ್ಟು ನಾನೂರ ಐವತ್ತರಲ್ಲಿ ತೊಂಬತ್ತು. ಐದನೇ ಒಂದು ಪಾಲು. ಚಿಟಿಕೆ ಹೊಡೆಯುವಷ್ಟರಲ್ಲಿ ಹೇಳಿಬಿಟ್ಟೆ. "ಸುರಿದ್ಕೊಳ್ಳಿ ಅಳಿಯಂದ್ರೆ, ಡಬ್ಬ ಪೂರ್ತಿ ಸುರಿದ್ಕೊಳ್ಳಿ. ಪಾಲು ಇಳಿಯುತ್ತೆ ಹೊರತು ಏರಲ್ಲ."

ನಾನೂರು ಗ್ರಾಮಿನ ಡಬ್ಬ. ಅವನು ಹೋಳಿಗೆ ಮುಳುಗಿಸಿ ತಿಂದ, ಉಳಿದದ್ದನ್ನು ಲೋಟಕ್ಕೆ ಬಗ್ಗಿಸಿಕೊಂಡು ಕುಡಿದ. ನನಗಾಗ ಇದ್ದ ಚಿಂತೆ ಒಂದೇ: ಪಾಲು ಇಷ್ಟು ಇಳಿದ ಮೇಲೆ ಅಳಿಯನ ಹಿಮ್ಮಡಿ ಏಳುವುದು ಹೇಗೆ? ಇನ್ನೊಂದು ಮಿಳ್ಳೆ ತುಪ್ಪ ಹಾಕೋಣವೆಂದು ನಾನು ಒಳಗೆ ಹೋದೆ. ಅಷ್ಟರಲ್ಲಿ ಅವನು ಎದ್ದ. ಕೈ ತೊಳೆಯಲು ನನ್ನ ಹೆಂಡತಿ ಪುಟ್ಟತಾಯಿ ನಡುಮನೆಯಲ್ಲೇ ಬೋಗುಣಿ ಇಟ್ಟಿದ್ದಳು. ಉಂಡ ಜಾಗದಲ್ಲೇ ಕೈ ತೊಳೆಯುವುದು ಅವರ ಕಡೆ ಸಲ್ಲದಂತೆ. ಹಿತ್ತಲ ಬಾಗಿಲು ತೆಗೆದು ಹೊರಗೆ ಹೊರಟೇ ಹೋದ, ಮೇಲೆ ಆಕಾಶವಲ್ಲದೆ ಮತ್ತೇನೂ ಇಲ್ಲದ ಹಿತ್ತಲಿಗೆ.

"ಅಪ್ಪಾ!" ಎಂದು ಜಲಜ ಚೀರಿದಾಗ ತುಪ್ಪದ ಮಿಳ್ಳೆ ನನ್ನ ಕೈಯಲ್ಲೇ ಇತ್ತು.

ನಾನು ಓಡಿ ಹೋಗುವಷ್ಟರಲ್ಲಿ ಉಮಾಪತಿ ನುಗ್ಗೆಮರದ ಎತ್ತರದಲ್ಲಿದ್ದ. ಒಂದು ಕೊಂಬೆ ಹಿಡಿದುಕೊಂಡಿದ್ದ. ನುಗ್ಗೆ ಕೊಂಬೆಯನ್ನು ನಂಬಿ ಯಾರು ಉದ್ಧಾರವಾಗಿದ್ದಾರೆ? ಲಟಕ್ಕೆಂದಿತು. ಜಲಜ ಬಾವಿಯ ರಾಟೆಯಿಂದ ಹಗ್ಗ ಕಿತ್ತು, ಕೊಡ ಬಿಚ್ಚಿ, ತುದಿಗೊಂದು ಗಂಟು ಹಾಕಿ ಮೇಲಕ್ಕೆ ಬೀಸಿದಳು. ಮೂರನೇ ಬೀಸಿಗೆ ಅವನ ಕೈಗೆ ಸಿಕ್ಕಿತು. ಈ ಕಡೆಯ ತುದಿಯನ್ನು ನಾನು ಬಟ್ಟೆ ಒಗೆಯುವ ಕಲ್ಲಿಗೆ ಬಿಗಿದೆ. ಹಗ್ಗ ಪೂರ್ತಿ ಬಿಚ್ಚಿಕೊಂಡು ಸೆಟೆಯಿತು. ಅಳಿಯ ತೆಂಗಿನ ಸುಳಿಯ ಸಮಕ್ಕೆ ನಿಂತ.

ಗೋಡೆಯಾಚೆಯಿಂದ ಚೆನ್ನಿಗಪ್ಪನ ತಲೆ ಕಾಣಿಸಿತು. ಅವನೂ ಹಬ್ಬ ಉಂಡು ಹಿಮ್ಮಡಿ ಎತ್ತಿಕೊಂಡಿದ್ದ, ಸೊಂಟಕ್ಕೆ ಹಗ್ಗವಿತ್ತು. "ಏನ್ ರಂಗಧಾಮಣ್ಣ, ಅಳೀನ್ನ ಗಾಳಿಪಟ ಮಾಡ್ಬುಟ್ಟಲ್ಲ! ಬಾಲ ಕಟ್ಟಿಲ್ವಾ?"

"ನಿನ್ನ ಹಗ್ಗ ಬಿಚ್ಚಿ ಕೊಡೋ!"

"ಬಿಚ್ಚಿದ್ರೆ ನಾನೂ ಅಲ್ಲೇ ಹೋಯ್ತೀನಿ. ಎಳಿ ಅದನ್ನೇ."

ಎಳೆದೆ. ಮೇಲಿನಿಂದ ಒಂದು ಸದ್ದು ಬಂತು, ಸೆಣಬಿನ ಎಳೆ ಕಿತ್ತ ಸದ್ದು. ಕೈ ಬಿಟ್ಟೆ. ಬಾವಿಯ ಹಗ್ಗದಲ್ಲಿ ಕೊಡದ ಕಡೆಯ ತುದಿ ಯಾವಾಗಲೂ ನೀರಲ್ಲಿ ನೆನೆದು ಕೊಳೆತಿರುತ್ತದೆ, ಅವನ ಕೈಗೆ ಸಿಕ್ಕಿದ್ದು ಅದೇ ತುದಿ.

"ಮಾವ, ಜಾರ್ತಾ ಇದೆ!" ಉಮಾಪತಿ ಕೂಗಿದ. "ಕೈಯೆಲ್ಲಾ ತುಪ್ಪ!"

"ಮಣಿಕಟ್ಟಿಗೆ ಸುತ್ತಿಕೊಳ್ರೀ!" ಜಲಜ ಕಿರುಚಿದಳು. ಅವನು ಒಂದು ಸುತ್ತು ಹಾಕಿಕೊಂಡ. ಅವಳ ಹಿಮ್ಮಡಿ ಮೇಲೆದ್ದೇ ಇತ್ತು. ಅವಳ ಎಲೆಗೆ ನಾನು ಹೇಳಿದ ಪಾಲು ಅಚ್ಚುಕಟ್ಟಾಗಿಯೇ ಕೂತಿತ್ತು. ಅಂಥ ಹೊತ್ತಿನಲ್ಲೂ ಅದು ನನ್ನ ಕಣ್ಣಿಗೆ ಬಿತ್ತು, ಸುಳ್ಳು ಹೇಳುವುದಿಲ್ಲ.

ಬಿತ್ತು, ಅದರ ಹಿಂದೆಯೇ ಇನ್ನೊಂದು ಹೊಳೆಯಿತು. ಒಂದೇ ಅಡಿಗೆ, ಒಂದೇ ಪಾಲು. ಅವಳು ನೆಲದ ಮೇಲೆ, ಅವನು ತೆಂಗಿನ ಮೇಲೆ. ಹಾಗಾದರೆ ಡಬ್ಬ.

"ಡಬ್ಬ ತಗೊಂಡ್ಬಾರೇ!" ಎಂದೆ. ಪುಟ್ಟತಾಯಿ ಆಗಲೇ ತಂದಿದ್ದಳು. ಓದಿದೆ. ನೂರು ಗ್ರಾಮಿಗೆ ಕೊಬ್ಬು ಹತ್ತು ಗ್ರಾಂ. ಶಕ್ತಿ ನೂರ ಮೂವತ್ತು.

ನೂರ ಮೂವತ್ತು! ನಾನು ಕಟ್ಟಿದ್ದು ನಾನೂರ ಐವತ್ತು. ಉಳಿದದ್ದೆಲ್ಲ ಎಲ್ಲಿ ಹೋಯಿತು? ಡಬ್ಬ ಬೋರಲು ಹಾಕಿದೆ, ತಳದಲ್ಲಿದ್ದ ನಾಲ್ಕು ಹನಿ ನನ್ನ ಅಂಗೈಗೆ ಬಿದ್ದು ಬೆರಳ ಸಂದಿಯಿಂದ ಹರಿದುಹೋಯಿತು. ನೀರು. ಡಬ್ಬದಲ್ಲಿ ಎಂಬತ್ತು ಪಾಲು ಬರೀ ನೀರು. ನೀರಿಗೆ ತೂಕವಿದೆ, ಶಕ್ತಿ ಎಲ್ಲಿದೆ? ನಮ್ಮಪ್ಪ, ಅವರಪ್ಪ, ಅವರಪ್ಪನ ಅಪ್ಪ, ಎಲ್ಲರೂ ಸಾಮಾನನ್ನು ತೂಗಿದ್ದು ಒಣಗಿದ್ದಾಗ, ಪಾತ್ರೆಗೆ ನೀರು ಬೀಳುವ ಮೊದಲು. ನೀರು ಕುಡಿದ ಪದಾರ್ಥ ನಮ್ಮೂರ ತಕ್ಕಡಿ ಹತ್ತಿದ್ದೇ ಇಲ್ಲ. ಇವನು ಅದನ್ನು ಡಬ್ಬಕ್ಕೆ ತುಂಬಿಸಿ, ಮುಚ್ಚಳ ಬಿಗಿದು ತಂದಿದ್ದ. ತಪ್ಪು ನನ್ನದು ಅಂತ ಊರಲ್ಲಿ ಕೆಲವರು ಹೇಳುತ್ತಾರೆ. ನಾನು ನೀರಿನದು ಅನ್ನುತ್ತೇನೆ.

ಹೊಸದಾಗಿ ಕಟ್ಟಿದೆ. ನೂರ ಮೂವತ್ತರಲ್ಲಿ ತೊಂಬತ್ತು ಜಿಡ್ಡಿನದೇ, ಮೂರರಲ್ಲಿ ಎರಡು ಪಾಲಿಗಿಂತ ಹೆಚ್ಚು. ನಾಲ್ಕು ನೂರು ಗ್ರಾಮಿಗೆ ಒಟ್ಟು ಐನೂರ ಇಪ್ಪತ್ತು, ಜಿಡ್ಡಿನದು ಮುನ್ನೂರ ಅರವತ್ತು. ಊಟಕ್ಕೆ ಸೇರಿಸಿದರೆ ಎರಡು ಸಾವಿರದ ಇಪ್ಪತ್ತರಲ್ಲಿ ಎಂಟುನೂರ ಐವತ್ತೈದು. ನೂರಕ್ಕೆ ನಲವತ್ತೆರಡು! ಹೊಟ್ಟೆಗೆ ಹೋದ ಜಿಡ್ಡನ್ನು ತೆಗೆಯುವುದಕ್ಕಾಗುವುದಿಲ್ಲ, ಒಟ್ಟು ಶಕ್ತಿಯನ್ನು ಏರಿಸಬೇಕು. ಎಂಟುನೂರ ಐವತ್ತೈದರ ಮೂರರಷ್ಟು ಎರಡು ಸಾವಿರದ ಐನೂರ ಅರವತ್ತೈದು. ಬೇಕಾದದ್ದು ಇನ್ನು ಐನೂರ ನಲವತ್ತೈದು. ನಾಲ್ಕರಿಂದ ಭಾಗಿಸಿದರೆ ನೂರ ಮೂವತ್ತಾರು ಗ್ರಾಂ ಬೆಲ್ಲ. ಅಷ್ಟು ತಿಂದರೆ ಅಲ್ಲೇ ನಿಲ್ಲುತ್ತಾನೆ. ನೂರ ನಲವತ್ತು ತಿಂದರೆ ಮಾಗಿದ ಎಲೆಯ ಹಾಗೆ ಇಳಿಯುತ್ತಾನೆ. ಅದಕ್ಕಿಂತ ಬಹಳ ಹೆಚ್ಚಾದರೆ ತೆಂಗಿನಕಾಯಿಯ ಹಾಗೆ ಬೀಳುತ್ತಾನೆ.

ಚೆನ್ನಿಗಪ್ಪನ ಹೆಂಡತಿ ಗೋಡೆಯ ಮೇಲಿಂದ ಮುದ್ದೆಯ ತಟ್ಟೆ ನೀಡಿದಳು. ಮೇಲೆ ಹೋದವರನ್ನು ಇಳಿಸಲು ನಮ್ಮೂರು ಲಾಗಾಯ್ತಿನಿಂದ ಮುದ್ದೆಯನ್ನೇ ನಂಬಿದೆ. ಸೂರಿಗೆ ಅಂಟಿಕೊಂಡವರಿಗೆ ಕೋಲಿನ ತುದಿಗೆ ಸಿಕ್ಕಿಸಿ ಕೊಡುತ್ತೇವೆ. ಒಂದು ಹೆಚ್ಚಾದರೂ ಅಲ್ಲಿಂದ ಬೀಳುವುದು ಚಾಪೆಯ ಮೇಲೆ ತಾನೇ. "ಬೇಡ," ಎಂದೆ. "ಮುದ್ದೇಲಿ ನೀರೆಷ್ಟು, ಹಿಟ್ಟೆಷ್ಟು ಯಾರಿಗ್ಗೊತ್ತು? ಒಣ ಬೆಲ್ಲ ತನ್ನಿ."

ಪುಟ್ಟತಾಯಿ ಬೆಲ್ಲ ಕುಟ್ಟಿ, ತೂಗಿ, ಉಂಡೆ ಮಾಡಿದಳು. ಜಲಜ ಒಂದು ಉಂಡೆ ತೆಗೆದುಕೊಂಡು ಮೇಲಕ್ಕೆ ಎಸೆದಳು. ಅದು ಅವನ ಮೊಣಕಾಲಿಗೆ ಬಡಿದು ಬಾವಿಗೆ ಬಿತ್ತು. ಅವನಾದರೂ ಹಿಡಿಯುವುದು ಯಾವ ಕೈಯಲ್ಲಿ? ಒಂದು ಕೈ ಹಗ್ಗದಲ್ಲಿ, ಇನ್ನೊಂದು ಆ ಕೈಯನ್ನು ಹಿಡಿದುಕೊಳ್ಳುವುದರಲ್ಲಿ. ಮತ್ತೊಂದು ಎಳೆ ಕಿತ್ತಿತು.

"ಯಾರಾದ್ರೂ ಮೇಲೆ ಹೋಗಿ ತಿನ್ನಿಸ್ಬೇಕು," ಎಂದಳು ಜಲಜ.

ಚೆನ್ನಿಗಪ್ಪ ತನ್ನ ಸೊಂಟದ ಗಂಟು ಮುಟ್ಟಿ ನೋಡಿಕೊಂಡ. ಆಗ ಪುಟ್ಟತಾಯಿ ನನ್ನ ಕಡೆ ತಿರುಗಿದಳು. ಸೆರಗು ಸೊಂಟಕ್ಕೆ ಸಿಕ್ಕಿಸಿದ್ದಳು. "ಲೆಕ್ಕ ಹೇಳ್ದೋರು ಯಾರು?" ಎಂದಳು.

"ನಾನೇ."

"ಹಂಗಾದ್ರೆ ಹಾರೋರೂ ನೀವೇಯ."

"ನನ್ನ ಕಾಲು ಇವತ್ತಿನವರೆಗೂ..."

"ಗೊತ್ತು ಕಣ್ರೀ, ಊರಿಗೇ ಗೊತ್ತು. ತುಪ್ಪ ಎಷ್ಟು ತರ್ಲಿ ಹೇಳಿ."

ನಾನು ಖಾಲಿ ಹೊಟ್ಟೆಯಲ್ಲಿದ್ದೆ. ಖಾಲಿ ಹೊಟ್ಟೆಗೆ ಒಂದು ಚಮಚ ತುಪ್ಪ ಬಿದ್ದರೆ ನೂರಕ್ಕೆ ನೂರು ಪಾಲು. ಈರಜ್ಜನನ್ನು ಹಿಂದೆ ಹಾಕಿ ಸೂರ್ಯನನ್ನು ಮುಟ್ಟಿ ಬರಬಹುದು, ಬರುವುದೊಂದು ಬಿಟ್ಟು. ಮೊದಲು ಬೆಲ್ಲ, ಆಮೇಲೆ ತುಪ್ಪ. ಬೆಲ್ಲ ಎಂಬತ್ತು ಗ್ರಾಂ, ಮುನ್ನೂರ ಇಪ್ಪತ್ತು ಶಕ್ತಿ. ತುಪ್ಪ ಇಪ್ಪತ್ತು ಗ್ರಾಂ, ನೂರ ಎಂಬತ್ತು. ಐನೂರರಲ್ಲಿ ನೂರ ಎಂಬತ್ತು, ನೂರಕ್ಕೆ ಮೂವತ್ತಾರು. ಮೆಲ್ಲಗೆ ಏರುತ್ತೇನೆ. ಇಳಿಯುವುದಕ್ಕೆ ಇನ್ನೊಂದು ಹನ್ನೆರಡು ಗ್ರಾಂ ಬೆಲ್ಲ ಮಡಿಲಲ್ಲಿ. ಅದನ್ನು ಬಾಯಿಗೆ ಹಾಕಿಕೊಳ್ಳದಿದ್ದರೆ ಏರುತ್ತಲೇ ಇರಬೇಕು.

ಲೆಕ್ಕ ಸರಿಯಾಗಿತ್ತು. ಒಂದು ಗಂಟೆ ಮುಂಚೆ ಹೇಳಿದ ಲೆಕ್ಕವೂ ಹೀಗೇ ಸರಿಯಾಗಿತ್ತು. ಊರಿನ ಸಾವಿರಾರು ಬಾಯಿಗೆ ಪಾಲು ಹೇಳಿದವನು ನಾನು, ನನ್ನ ಬಾಯಿಗೆ ತುತ್ತಿಡುವಾಗ ಕೈ ಹೀಗೆ ನಡುಗಿತಲ್ಲ! ತುಪ್ಪದ ಮಿಳ್ಳೆ ಹಲ್ಲಿಗೆ ತಾಗಿ ಟಕಟಕ ಅಂದಿತು. ಚಳಿ ಇತ್ತು, ಅಷ್ಟೇ.

ಪುಟ್ಟತಾಯಿ ಹೊಸದಾಗಿ ತೂಗಿಕೊಟ್ಟ ಬೆಲ್ಲ, ಅಳಿಯನ ನೂರ ನಲವತ್ತು, ನನ್ನ ಹನ್ನೆರಡು, ಎರಡನ್ನೂ ಪಂಚೆಯ ಮಡಿಯಲ್ಲಿ ಮೊದಲೇ ಕಟ್ಟಿಕೊಂಡಿದ್ದೆ. ಟವೆಲ್ಲನ್ನು ಬಾವಿ ಹಗ್ಗದ ಸುತ್ತ ಹಾಯಿಸಿ ಸೊಂಟಕ್ಕೆ ಗಂಟು ಹಾಕಿದ್ದೆ. ತುಪ್ಪ ಗಂಟಲಿಳಿಯಿತು. ಹಿಮ್ಮಡಿ ಎದ್ದಿತು. ಹೆಬ್ಬೆರಳು ಎದ್ದಿತು. ಪುಟ್ಟತಾಯಿಯ ಮುಖ ನನ್ನ ಎದೆಯ ಹತ್ತಿರವಿದ್ದದ್ದು ಮಂಡಿಯ ಹತ್ತಿರ ಬಂತು, ಆಮೇಲೆ ಅವಳ ಬೈತಲೆ ಮಾತ್ರ ಕಂಡಿತು. ಹಗ್ಗವನ್ನು ಎಳೆಯದೆ, ಮುಟ್ಟಿಯೂ ಮುಟ್ಟದ ಹಾಗೆ ಬೆರಳಲ್ಲಿ ಸವರುತ್ತ ಏರಿದೆ.

ಮೇಲೆ ಅಳಿಯನ ಮುಖ ಸುಣ್ಣದ ಹಾಗಿತ್ತು. ಹಗ್ಗದ ಸುತ್ತು ಮಣಿಕಟ್ಟಿನಿಂದ ಅಂಗೈಗೆ ಜಾರಿತ್ತು. "ಮಾವ, ನೀವೇ ಬಂದ್ರಾ?" ಎಂದ.

"ಬೇರೆ ಯಾರು ಬರ್ತಾರಪ್ಪ? ಬಾಯಿ ತೆಗಿ." ಬಹುವಚನ ನೆಲದಲ್ಲೇ ಉಳಿದಿತ್ತು.

ಒಂದೊಂದೇ ಉಂಡೆ ಬಾಯಿಗಿಟ್ಟೆ. ಅಗಿದ. ಎರಡು, ಮೂರು. ನಾಲ್ಕನೆಯದಕ್ಕೆ ಬಾಯಿ ಒಣಗಿ, ಬೆಲ್ಲ ಅಂಟಿಕೊಂಡು ದವಡೆ ಕದಲಲಿಲ್ಲ. "ನೀರು," ಎಂದ.

"ನೀರಿನ ಹೆಸರು ಎತ್ತಬೇಡ! ನುಂಗು!"

ಅವನು ಕಣ್ಣಲ್ಲಿ ನೀರು ಬರಿಸಿಕೊಂಡು ನುಂಗಿದ. ತಲೆಯ ಹತ್ತಿರ ಮತ್ತೊಂದು ಎಳೆ ಕಿತ್ತಿತು. ಈಗ ಉಳಿದದ್ದು ಎರಡೋ ಮೂರೋ ಎಳೆ. ಕೆಳಗೆ ಜಲಜ ಏನೋ ಕೂಗುತ್ತಿದ್ದಳು, ಗಾಳಿಗೆ ಕೇಳಿಸಲಿಲ್ಲ. ಕೊನೆಯ ಚೂರು ಇಟ್ಟು ಅವನ ಬಾಯಿಯನ್ನು ನನ್ನ ಅಂಗೈಯಲ್ಲಿ ಮುಚ್ಚಿ ಹಿಡಿದೆ. ಗಂಟಲ ಗಂಟು ಮೇಲೆ ಕೆಳಗೆ ಆಡಿತು. ಅವನನ್ನು ಮೇಲಕ್ಕೆ ಎಳೆಯುತ್ತಿದ್ದದ್ದು ನಿಂತಿತು. ಮೇಲಕ್ಕೆ ಸೆಟೆದಿದ್ದ ಹಗ್ಗ ಸಡಿಲವಾಗಿ ಬಾಗಿತು. ಬಾಗಿದ ಪೆಟ್ಟಿಗೆ ಕೊಳೆತ ತುದಿ ಉದುರಿಹೋಯಿತು. ಹಗ್ಗ ನನ್ನ ಟವೆಲ್ಲಿನ ಕುಣಿಕೆಯಿಂದ ಹಾವಿನ ಹಾಗೆ ಜಾರಿಕೊಂಡು ಕೆಳಗೆ ಬಿತ್ತು.

ಅಳಿಯ ಇಳಿಯತೊಡಗಿದ, ನಾನು ಏರತೊಡಗಿದೆ. ಅವನು ಗಾಬರಿಯಲ್ಲಿ ಕೈ ಚಾಚಿ ನನ್ನನ್ನು ಹಿಡಿದ. ಹಿಡಿದದ್ದು ನನ್ನ ಪಂಚೆಯನ್ನು. ಪಂಚೆ ಅವನ ಕೈಗೇ ಬಂತು. ನನ್ನ ಹನ್ನೆರಡು ಗ್ರಾಂ ಬೆಲ್ಲ ಅದರ ಮಡಿಯಲ್ಲಿತ್ತು. ನಾನು ಬೇಕೆಂದೇ ಬಿಟ್ಟುಕೊಟ್ಟೆ, ಅಳಿಯನಿಗೆ ಇಳಿಯಲು ಒಂದು ಆಸರೆ ಇರಲಿ ಎಂದು. ಪುಟ್ಟತಾಯಿ ಬೇರೆ ರೀತಿ ಹೇಳುತ್ತಾಳೆ, ಕೇಳಬೇಡಿ.

ಅವನು ಪಂಚೆ ಹಿಡಿದುಕೊಂಡು ಮಾಗಿದ ಎಲೆಯ ಹಾಗೆ ಓಲಾಡುತ್ತ ಇಳಿದ. ಜಲಜ ಅವನ ಕಾಲನ್ನು ತಬ್ಬಿದ್ದು ಕಂಡಿತು. ನಾನು ಪಟ್ಟಾಪಟ್ಟಿ ಚಡ್ಡಿಯಲ್ಲಿ ತೆಂಗಿನ ಸುಳಿ ದಾಟಿದೆ. ಹಬ್ಬಕ್ಕೆಂದು ಹೊಸ ಚಡ್ಡಿ ಹಾಕಿದ್ದೆನಲ್ಲ, ಅಷ್ಟರ ಮಟ್ಟಿಗೆ ಸಮಾಧಾನ.

ಸುಳಿಯ ಮೇಲೆ ಸದ್ದೇ ಇಲ್ಲ. ಕಾಗೆಯೊಂದು ಪಕ್ಕದಲ್ಲಿ ಹಾರುತ್ತ ನನ್ನನ್ನು ನೋಡಿ ದಾರಿ ಬದಲಿಸಿತು. ಊರು ಎಷ್ಟು ಚಿಕ್ಕದೆಂದರೆ ನನ್ನ ಅಂಗೈಯಲ್ಲಿ ತೂಗಬಹುದಿತ್ತು. ಈರಜ್ಜನಿಗೂ ಹೀಗೇ ಕಂಡಿರಬೇಕು. ಅವನ ಚಪ್ಪಲಿಯಾದರೂ ಸಿಕ್ಕಿತು, ನಾನು ಬರಿಗಾಲಲ್ಲಿದ್ದೆ. ನನ್ನ ತಿಥಿಯನ್ನು ಯಾವುದಕ್ಕೆ ಮಾಡುತ್ತಾರೆ? ಚೆನ್ನಿಗಪ್ಪ ಪಂಚೆಗೆ ಮಾಡಿ ಅನ್ನುತ್ತಾನೆ, ಖಂಡಿತ ಅನ್ನುತ್ತಾನೆ.

"ಬೆಲ್ಲ ಎಸೀರೋ!" ಎಂದು ಕೂಗಿದೆ. "ನನ್ನ ಮಡೀಲಿದ್ದ ಬೆಲ್ಲ!"

"ಅದು ಒಗೆಯೋ ಕಲ್ಲಿನ ಮೇಲೆ ಬಿದ್ದು ನೆನೆದಿದೆ ಮಾವ!" ಉಮಾಪತಿಯ ದನಿ. "ಅದರ ತೂಕ ನಂಬೋ ಹಾಗಿಲ್ಲ!"

"ಅಚ್ಚು ಪೂರ್ತಿ ಎಸಿಯಯ್ಯ ಅತ್ಲಾಗೆ!" ಎಂದ ಚೆನ್ನಿಗಪ್ಪ. "ಹೆಚ್ಚು ತಿಂದ್ರೆ ಬೇಗ ಇಳಿತಾರೆ!"

ಬೇಗ ಇಳಿಯುವುದು ಅಂದರೆ ಏನೆಂದು ನನಗೆ ಗೊತ್ತಿತ್ತು. ಕೆಳಗೆ ಒಗೆಯುವ ಕಲ್ಲು ಉಗುರಿನಷ್ಟು ಕಾಣುತ್ತಿತ್ತು. ಉಮಾಪತಿ ಅವನ ಮಾತು ಕೇಳಲಿಲ್ಲ. ಎರಡೂ ಕೈಯನ್ನು ಬಾಯಿಗೆ ಅಡ್ಡ ಹಿಡಿದು ಕೂಗಿದ: "ಮಾವ, ನೀವು ತಿಂದಿದ್ದೇನು?"

"ಬೆಲ್ಲ ಎಂಬತ್ತು! ತುಪ್ಪ ಇಪ್ಪತ್ತು! ಲೆಕ್ಕ ನಾನ್ ಹೇಳ್ತೀನಿ, ಹನ್ನೆರಡು..." ಗಾಳಿ ನನ್ನ ಮಾತನ್ನು ಕಿತ್ತುಕೊಂಡು ಹೋಯಿತು. ಇನ್ನೊಂದು ಸಲ ಕೂಗಿದೆ, ಕೇಳಿಸಲಿಲ್ಲ ಎಂದು ಅವನು ಕೈಯಾಡಿಸಿದ. ಆಮೇಲೆ ಅವನು ಮಂಡಿಯೂರಿ ಕೂತದ್ದು ಕಂಡಿತು. ಬೆರಳಲ್ಲಿ ಮಣ್ಣಿನ ಮೇಲೆ ಏನೋ ಗೀಚಿದ, ಅಳಿಸಿದ, ಮತ್ತೆ ಗೀಚಿದ. ಅಳಿಸಿದ್ದು ಯಾಕೆ? ಗುಂಡು ಎಸೆಯುವವನು ಒಂಬತ್ತರಿಂದ ಗುಣಿಸುತ್ತಿದ್ದಾನೋ ನಾಲ್ಕರಿಂದಲೋ! ಜಲಜ ತಕ್ಕಡಿ ತಂದಳು. ಅವಳು ಏನೋ ಹೇಳಿದಳು, ಅವನು ತಲೆಯಾಡಿಸಿದ, ಒಂದು ಚೂರು ಮುರಿದು ತೆಗೆದ. ನಾನು ಏರುತ್ತಲೇ ಇದ್ದೆ.

ಅವನು ಎದ್ದು ನಿಂತು, ಎಡಗೈ ಮುಂದೆ ಚಾಚಿ, ಒಂದು ಸುತ್ತು ತಿರುಗಿ ಎಸೆದ. ಉಂಡೆ ನನ್ನ ಕಿವಿಯ ಪಕ್ಕ ಗುಂಯ್ ಎಂದು ಹೋಯಿತು. ಮತ್ತೆ ತೂಗಿದ. ಎರಡನೆಯದು ನೆಟ್ಟಗೆ ನನ್ನ ಎದೆಗೆ ಬಂತು, ಎರಡೂ ಕೈಯಲ್ಲಿ ಅಪ್ಪಿಕೊಂಡೆ. ಅಷ್ಟು ಎತ್ತರಕ್ಕೆ ಅಷ್ಟು ನೇರವಾಗಿ ಉಂಡೆ ಬೀಸಬಲ್ಲವನು ಭೂಮಂಡಲದಲ್ಲಿ ಇನ್ನೊಬ್ಬನಿಲ್ಲ. ನನ್ನ ಅಳಿಯ ಅಂದ ಮೇಲೆ ಸುಮ್ಮನೆಯೇ?

ಉಂಡೆ ಅಂಗೈಯಲ್ಲಿತ್ತು. ನನ್ನ ಅಂಗೈ ತಕ್ಕಡಿ ಎಂದೆನಲ್ಲ, ಅದು ಹೇಳಿತು: ಹದಿನೆಂಟು. ಹನ್ನೆರಡಲ್ಲ, ಹದಿನೆಂಟು. ಹದಿನೆಂಟು ತಿಂದರೆ ಒಗೆಯುವ ಕಲ್ಲಿನ ಮೇಲೆ ನಾನು ಚಟ್ನಿ. ಅರ್ಧ ಕಚ್ಚೋಣವೇ? ಅವನು ತೂಗಿದ್ದು ಹನ್ನೆರಡೇ ಆಗಿದ್ದರೆ ಅರ್ಧಕ್ಕೆ ಆರು, ಆರಕ್ಕೆ ಇಳಿಯುವುದಿಲ್ಲ. ಉಳಿದರ್ಧ ತಿನ್ನುವಷ್ಟರಲ್ಲಿ ಮೋಡ. ಕೆಳಗೆ ನೋಡಿದೆ. ಮೂರು ಚುಕ್ಕೆಗಳು. ಒಂದು ಚುಕ್ಕೆ ಕೈ ಬಾಯಿಗಿಟ್ಟು ಕೂಗುತ್ತಿತ್ತು. ಮಾತು ಬರಲಿಲ್ಲ, ದನಿ ಬಂತು. ಪಾಲು ಹೇಳುವವನ ದನಿ, ನಾನೂ ಹಾಗೇ ಕೂಗುವುದು. ಆ ದನಿ ಕೇಳಿ ಊರು ಇಷ್ಟು ವರ್ಷ ಬಾಯಿ ತೆರೆದಿದೆ, ಯಾರೂ ನನ್ನ ತುತ್ತನ್ನು ಅಂಗೈಯಲ್ಲಿ ತೂಗಿ ನೋಡಿದವರಿಲ್ಲ.

ಪೂರ್ತಿ ಬಾಯಿಗೆ ಹಾಕಿಕೊಂಡೆ. ಕಣ್ಣು ಮುಚ್ಚಿಕೊಂಡು ನುಂಗಿದೆ.

ಮೊದಲು ಏನೂ ಆಗಲಿಲ್ಲ. ಆಮೇಲೆ ಕಿವಿಯ ಹತ್ತಿರದ ಗಾಳಿ ನಿಂತಿತು. ಆಮೇಲೆ ಅದು ಕೆಳಗಿನಿಂದ ಅಂಗಾಲಿಗೆ ತಾಗಿತು, ಮೆಲ್ಲಗೆ, ಯಾರೋ ಬೀಸಣಿಗೆ ಬೀಸುವ ಹಾಗೆ. ತೆಂಗಿನ ಸುಳಿ ಬಂತು. ಮುರಿದ ನುಗ್ಗೆ ಕೊಂಬೆ ಬಂತು. ಹೆಬ್ಬೆರಳು ಒದ್ದೆ ಮಣ್ಣಿಗೆ ತಾಗಿತು, ಹಿಂದೆಯೇ ಹಿಮ್ಮಡಿ ಕೂತಿತು.

"ಹದಿನೆಂಟು ಇತ್ತು ಅದು," ಎಂದೆ. ನನ್ನ ಬಾಯಿಂದ ಬಂದ ಮೊದಲ ಮಾತು ಅದೇ.

"ಹನ್ನೆರಡು ಮಾವ," ಎಂದ ಉಮಾಪತಿ, ಪಂಚೆ ಕೊಡುತ್ತ. "ಎರಡು ಸಲ ತೂಗಿದೆ. ಒಣಗಿದ್ದೇ."

ನನ್ನ ಅಂಗೈ ನೋಡಿಕೊಂಡೆ. ಬೆವರಿ ತೊಪ್ಪೆಯಾಗಿತ್ತು. ಆ ಆರು ಗ್ರಾಂ ಎಲ್ಲಿಂದ ಬಂತೆಂದು ಗೊತ್ತಾಯಿತು. ಭಯಕ್ಕೂ ನೀರಿನ ಹಾಗೆ ತೂಕವಿದೆ, ಶಕ್ತಿ ಸೊನ್ನೆ. ಇದನ್ನು ನಾನು ಅಲ್ಲಿ ಯಾರಿಗೂ ಹೇಳಲಿಲ್ಲ. ನೀವೂ ಹೇಳಬೇಡಿ, ಚೆನ್ನಿಗಪ್ಪನಿಗಂತೂ ಬೇಡ.

ಪುಟ್ಟತಾಯಿ ಒಳಗಿಂದ ಬಂದಳು. ಹೊರಗಿನಿಂದ ಬಂದ ನೆಂಟರಿಗೆ ಕೊಡುವ ಹಾಗೆ ಒಂದು ತಟ್ಟೆಯಲ್ಲಿ ಬೆಲ್ಲದ ಚೂರು, ಒಂದು ಚೊಂಬು ನೀರು. ಅವಳ ಕಣ್ಣು ಕೆಂಪಗಿತ್ತು. ನನ್ನ ಮುಖ ನೋಡದೆ ತಟ್ಟೆ ಮುಂದೆ ಹಿಡಿದಳು.

"ಎಷ್ಟೈತೆ ಇದು?" ಎಂದೆ.

"ಸುಮ್ನೆ ತಿನ್ರೀ," ಎಂದಳು.

ತಿಂದೆ.